ಕರಗುವ ಕಲ್ಲಿಗೊಂದು ಹೆಸರು

ಹೇಳಿಬಿಡಲೇ? ಹೇಳಿದರೆ ನಗುತ್ತಾರೆ. ನಕ್ಕರೆ ನಗಲಿ. ಆದರೆ ಒಂದು ದಿನ ನಕ್ಕು ಸುಮ್ಮನಾಗುವ ಜನವೇ ಅವರು? ನಾನು ನಿವೃತ್ತನಾಗುವ ತನಕ ನಗುತ್ತಾರೆ. ಹಾಗಾದರೆ ಬೇಡ. ಬೇಡವೆಂದರೆ ಸಂಜೆ ಐದಕ್ಕೆ ಎಲ್ಲ ಮುಗಿದೇ ಹೋಗುತ್ತದೆ. ಇನ್ನೊಂದು ಸಲ ಇಂಥದ್ದು ಸಿಗಲು ಇನ್ನೊಂದು ಜನ್ಮವೇ ಆಗಬೇಕು. ಹಾಗಾದರೆ ಹೇಳಿಬಿಡಲೇ?

ಕನ್ನಡಿಯ ಮುಂದೆ ಬ್ರಶ್ಶು ಕಚ್ಚಿಕೊಂಡು ನಿಂತಿದ್ದ ಕಲ್ಲಣ್ಣ ಇದೇ ಸುತ್ತನ್ನು ಎಂಟನೆಯ ಸಲ ಮುಗಿಸುವ ಹೊತ್ತಿಗೆ, ನೊರೆ ಗದ್ದದಿಂದಿಳಿದು ಇಸ್ತ್ರಿ ಮಾಡಿದ ಅಂಗಿಯ ಮೇಲೆ ಬಿತ್ತು.

ಕಲ್ಲಣ್ಣ ಅವನ ನಿಜವಾದ ಹೆಸರಲ್ಲ. ಕಲ್ಲುಗಳ ಮ್ಯೂಸಿಯಮ್ಮಿನಲ್ಲಿ ಇಪ್ಪತ್ತೆರಡು ವರ್ಷ ಸಹಾಯಕನಾಗಿದ್ದುದಕ್ಕೆ ಸಿಕ್ಕ ಬಳುವಳಿ. ಅಪ್ಪ ಅಮ್ಮ ಪ್ರೀತಿಯಿಂದ ಇಟ್ಟ ಹೆಸರು ಹಾಜರಿ ಪುಸ್ತಕದಲ್ಲಿ ಬಿಟ್ಟರೆ ಬೇರೆಲ್ಲೂ ಇರಲಿಲ್ಲ. ನಾಲ್ಕು ಸಾವಿರ ಕಲ್ಲುಗಳಿಗೆ ಅವನೇ ಚೀಟಿ ಬರೆದಿದ್ದ. ಚೀಟಿಗಳಲ್ಲಿ ದೊರೆಗಳ ಹೆಸರಿತ್ತು, ಪ್ರೊಫೆಸರುಗಳ ಹೆಸರಿತ್ತು, ಯಾವನೋ ದೊರೆಯ ಸೋದರಮಾವನ ಹೆಸರೂ ಇತ್ತು. ಬರೆದವನ ಹೆಸರು ಮಾತ್ರ ಇರಲಿಲ್ಲ.

ಎರಡು ವರ್ಷದ ಕೆಳಗೆ, ಮುಚ್ಚಿಹೋದ ಗಣಿಯ ಸುರಂಗದಲ್ಲಿ ಅವನು ಅತಿನೇರಳೆ ಟಾರ್ಚು ಹಾಕಿದಾಗ, ಒದ್ದೆ ಗೋಡೆಯ ಮೇಲಿನ ಹಳದಿ ಹಕ್ಕಳೆಯೊಂದು ಬೆಕ್ಕಿನ ಕಣ್ಣಿನಂತೆ ಹಸಿರಾಗಿ ಹೊಳೆದಿತ್ತು. ಅದು ಯುರೇನಿಯಂ ಇರುವ ಖನಿಜ. ಯಾವ ಪುಸ್ತಕದಲ್ಲೂ ಇಲ್ಲದ್ದು. ಮ್ಯೂಸಿಯಮ್ಮಿನ ನಿರ್ದೇಶಕರು ಪರೀಕ್ಷೆಗಳನ್ನೆಲ್ಲ ಮಾಡಿ ಮುಗಿಸಿದ್ದರು. ಉಳಿದದ್ದು ಹೆಸರೊಂದೇ. ಖನಿಜಗಳ ಹೆಸರನ್ನು ಒಪ್ಪುವ ಅಂತರರಾಷ್ಟ್ರೀಯ ಸಮಿತಿಗೆ ಅರ್ಜಿ ಹೋಗಲು ಇವತ್ತು ಸಂಜೆ ಐದು ಗಡುವು.

ಹೆಸರಿಡಲು ನಿಯಮಗಳಿವೆ. ಕಂಡುಹಿಡಿದವರು ತಮ್ಮ ಹೆಸರನ್ನೇ ಇಟ್ಟುಕೊಳ್ಳುವಂತಿಲ್ಲ. ಬೇರೆಯವರ ಹೆಸರಿಡಬಹುದು, ಅವರು ಬದುಕಿದ್ದರೆ ಒಪ್ಪಿಗೆ ಬೇಕು. ಅರ್ಜಿಯಲ್ಲಿ ಕಂಡುಹಿಡಿದವರು ಇಬ್ಬರು: ನಿರ್ದೇಶಕರು, ಕಲ್ಲಣ್ಣ. ಕಲ್ಲಣ್ಣ ಆ ಪಟ್ಟಿಯಿಂದ ಹೊರಬಂದರೆ, ನಿರ್ದೇಶಕರು ತಾವಾಗಿ ಅವನ ಹೆಸರನ್ನು ಸೂಚಿಸಿದರೆ, ಪ್ರಪಂಚ ಇರುವ ತನಕ ಆ ಹೆಸರಿರುತ್ತದೆ. ಆದರೆ ‘ನನ್ನ ಹೆಸರಿಡಿ’ ಎಂದು ಬಾಯಿಬಿಟ್ಟು ಕೇಳುವುದು ಹೇಗೆ? ಅದಕ್ಕಿಂತ ಬೀದಿಯಲ್ಲಿ ಬರೀ ಪಂಚೆಯಲ್ಲಿ ಓಡುವುದು ಸುಲಭ.

ತಿಂಡಿಯ ಹೊತ್ತಿಗೆ ಹೆಂಡತಿ ಬಟ್ಟಲು ಕುಕ್ಕಿದಳು. “ರೀ, ಆ ಕಲ್ಲಿಗೆ ನಮ್ಮಪ್ಪನ ಹೆಸರಿಡಿ.”

“ನಿಮ್ಮಪ್ಪನ ಹೆಸರಾ?”

“ಯಾಕೆ, ನಮ್ಮಪ್ಪನ ಹೆಸರಿಗೇನಾಗಿದೆ? ಕೊನೇಲಿ ‘ಐಟ್’ ಅಂತ ಸೇರಿಸಿದ್ರೆ ಖನಿಜದ ಹೆಸರು ಆಗಿಬಿಡತ್ತಂತಲ್ಲ. ಆಗಲೇ ಫೋನ್ ಮಾಡಿ ಹೇಳಿದೀನಿ. ಕೋಟು ಹುಡುಕ್ತಾ ಇದಾರೆ.”

“ಕೋಟು ಯಾಕೆ?”

“ಫೋಟೋಗೆ!”

ಕೂಸು ಹುಟ್ಟುವ ಮುಂಚೆ ಕುಲಾವಿ ಎನ್ನುತ್ತಾರೆ. ಇಲ್ಲಿ ಕೋಟೇ ಬಂದಿತ್ತು. ಕಲ್ಲಣ್ಣ ತಿಂದದ್ದನ್ನು ಅಗಿಯದೆ ನುಂಗಿ ಎದ್ದ.

ಮ್ಯೂಸಿಯಮ್ಮಿನ ಬಾಗಿಲಲ್ಲೇ ಗುಮಾಸ್ತರು ಹಿಡಿದರು. ಕಚೇರಿಯಲ್ಲಿ ಒಂದು ಲೋಟ ಒಡೆದರೂ ಮೂರು ಬೀದಿಗೆ ಸುದ್ದಿ ಮುಟ್ಟಿಸುವವರು. ಮೀಸೆ ತೀಡುತ್ತ ಹೇಳಿದರು, “ಕಲ್ಲಣ್ಣ, ರಾತ್ರಿಯೆಲ್ಲ ಯೋಚನೆ ಮಾಡ್ದೆ. ನನ್ನ ಹೆಸರಿಗೆ ಐಟ್ ಸೇರಿಸಿ ನೋಡಿ. ಒಳ್ಳೇ ಟಾನಿಕ್ ಹೆಸರಿದ್ದ ಹಾಗಿದೆ! ನಿರ್ದೇಶಕರಿಗೆ ನೀವೊಂದು ಮಾತು ಹೇಳ್ಬೇಕು.”

ಆಗ ಕಲ್ಲಣ್ಣನ ತಲೆಯಲ್ಲಿ ದೀಪ ಹತ್ತಿತು. ಯಾರಿಗೂ ಸುಳ್ಳು ಹೇಳಬೇಕಾಗಿಲ್ಲ. ಅರ್ಜಿಯ ಎರಡನೆಯ ಪುಟ ಓದಿದರೆ ಸಾಕು. ಅದರಲ್ಲಿ ಖನಿಜದ ಗುಣಲಕ್ಷಣಗಳಿದ್ದವು.

“ಖಂಡಿತ ಹೇಳ್ತೀನಿ. ಗುಣ ಒಂದ್ಸಲ ಕೇಳಿಬಿಡಿ. ಗಡಸುತನ: ವಜ್ರಕ್ಕೆ ಹತ್ತು ಅಂದ್ರೆ ಇದಕ್ಕೆ ಎರಡು. ಉಗುರಲ್ಲಿ ಗೀರಿದ್ರೆ ಗೆರೆ ಬೀಳತ್ತೆ.”

ಗುಮಾಸ್ತರ ಕೈ ಮೀಸೆಯ ತುದಿಯಲ್ಲೇ ನಿಂತಿತು. “ಉಗುರಲ್ಲಾ? ಯಾರ ಉಗುರಲ್ಲಿ?”

“ಯಾರದ್ದಾದರೂ ಸರಿ.”

“ನಮ್ಮ ಮನೆಯವಳದ್ದೂ?”

“ಚಿಕ್ಕ ಮಗೂದೂ ಆಗತ್ತೆ.”

“ಬೇಡಪ್ಪಾ! ಮನೇಲಿ ಹೇಗೂ ಗೀರಿಸಿಕೊಳ್ತಿದೀನಿ. ಅದನ್ನ ಪ್ರಪಂಚಕ್ಕೆಲ್ಲ ಬರೆದು ಕಳಿಸೋದು ಬೇರೆ ಕೇಡಾ?” ಎಂದು ಗುಮಾಸ್ತರು ಮೀಸೆಯನ್ನು ಕೈಯಿಂದ ಮುಚ್ಚಿಕೊಂಡೇ ಒಳಗೆ ಹೋದರು.

ಹತ್ತೂವರೆಗೆ ಗ್ರಂಥಪಾಲಕಿ ಮೇಡಂ ಬಂದರು. ತಲೆಗೂದಲಿಗೆ ಹೊಸ ಬಣ್ಣ, ಮುಖಕ್ಕೆ ತುಂಬು ಪೌಡರು. ಕತ್ತಲಲ್ಲಿ ಹಸಿರಾಗಿ ಹೊಳೆಯುತ್ತದೆ ಎಂದು ಕೇಳಿಯೇ ಕರಗಿಹೋಗಿದ್ದರು. “ಅಯ್ಯೋ, ನನ್ನ ಹಾಗೇ! ನೋಡೋಕೆ ಸಾದಾ, ಬೆಳಕು ಒಳಗಡೆ.”

“ಹೌದು ಮೇಡಂ. ಸೂಜಿಯಂಥ ತೆಳು ಹರಳು, ಹೊಸದರಲ್ಲಿ ಗಾಜಿನ ಹಾಗೆ ಮಿನುಗತ್ತೆ...”

“ಬರ್ಕೊಳ್ಳಿ, ಬರ್ಕೊಳ್ಳಿ.”

“...ಸ್ವಲ್ಪ ಒಣ ಗಾಳಿ ತಾಗಿದ್ರೆ ಒಳಗಿನ ನೀರು ಆರಿಹೋಗತ್ತೆ. ಆಮೇಲೆ ಮುಖ ಬಿಳಿಚಿಕೊಂಡು ಪುಡಿ ಉದುರೋಕೆ ಶುರು.”

ಮೇಡಂ ತಮಗರಿವಿಲ್ಲದೆಯೇ ಕೆನ್ನೆ ಮುಟ್ಟಿ ನೋಡಿಕೊಂಡರು. ಬೆರಳಿಗೆ ಪೌಡರು ಬಂತು. ಒಂದು ಮಾತೂ ಆಡದೆ ಹೊರಟರು. ಬಾಗಿಲು ಮಾತ್ರ ದೊಡ್ಡದಾಗಿ ಮಾತಾಡಿತು.

ಎರಡು ವಿಕೆಟ್ ಕಿತ್ತ ಬೌಲರನಂತೆ ಕಲ್ಲಣ್ಣ ಕೈ ಉಜ್ಜಿಕೊಂಡ. ಅವನಿಗೆ ಸಣ್ಣಗೆ ಸಿಳ್ಳೆ ಹಾಕಬೇಕೆನಿಸಿತು. ಹಾಕಿದ. ಇಪ್ಪತ್ತೆರಡು ವರ್ಷದಲ್ಲಿ ಆ ಕೋಣೆ ಕೇಳಿದ ಮೊದಲ ಸಿಳ್ಳೆ ಅದು.

ಹನ್ನೆರಡಕ್ಕೆ ಮಾವ ಬಂದರು. ಕೋಟು ಅವರ ಮದುವೆಯ ಕಾಲದ್ದು. ಗುಂಡಿ ಹಾಕಿದ್ದರಿಂದ ಉಸಿರನ್ನು ಕಂತಿನಲ್ಲಿ ಎಳೆಯುತ್ತಿದ್ದರು. ಜೊತೆಗೆ ಹೆಂಡತಿ. ಹಿಂದೆ ಗುಮಾಸ್ತರು, ಕೈಯಲ್ಲಿ ವಿಕಿರಣ ಅಳೆಯುವ ಯಂತ್ರ. ಯಾಕೆ ತಂದಿರಿ ಎಂದರೆ, “ಮ್ಯೂಸಿಯಮ್ಮಿಗೆ ದೊಡ್ಡೋರು ಬಂದಿದಾರೆ, ಏನಾದರೂ ತೋರಿಸ್ಬೇಕಲ್ಲ” ಎಂದರು.

“ಅಳಿಯಂದಿರೇ,” ಮಾವ ಮುಖವನ್ನು ಫೋಟೋಗೆ ಹೊಂದಿಸಿಕೊಂಡರು, “ನಾನು ಬೇಡ ಅಂದೆ. ಇವಳು ಕೇಳಲಿಲ್ಲ. ಎಲ್ಲಿ ನನ್ನ ಕಲ್ಲು?”

ಕಲ್ಲಣ್ಣ ಸೀಸದ ಡಬ್ಬಿಯನ್ನು ದೂರದಿಂದಲೇ ತೋರಿಸಿದ. “ಮುಟ್ಟಬೇಡಿ ಮಾವ. ವಿಷ.”

“ವಿಷಾನಾ?” ಎಂದಳು ಹೆಂಡತಿ.

“ಮುಟ್ಟಿದ್ರೆ ತಕ್ಷಣ ಕೈ ತೊಳೀಬೇಕು. ಇದಿರೋ ಕೋಣೇಲಿ ಜಾಸ್ತಿ ಹೊತ್ತು ಕೂರಬಾರದು. ಹತ್ತಿರ ಹೋದಷ್ಟೂ ಅಪಾಯ. ಇಷ್ಟೆಲ್ಲ ಆಗಿ, ಒಂದು ಲೋಟ ನೀರು ಬಿದ್ರೆ ಕರಗಿ ಇಲ್ಲವಾಗತ್ತೆ.”

ಮಾವನ ಮುಖ ನಿಧಾನಕ್ಕೆ ಕಪ್ಪಾಯಿತು. “ಮೂವತ್ತೈದು ವರ್ಷ ಹೆಡ್‌ಮಾಸ್ಟರಾಗಿದ್ದೆ. ಹುಡುಗರು ನನ್ನ ಬೆನ್ನ ಹಿಂದೆ ಇದನ್ನೇ ಹೇಳ್ತಿದ್ರು. ಹತ್ತಿರ ಹೋದಷ್ಟೂ ಅಪಾಯ, ಕೋಣೇಲಿ ಜಾಸ್ತಿ ಹೊತ್ತು ಕೂರಬಾರದು! ಈಗ ಅದನ್ನ ಪುಸ್ತಕದಲ್ಲೇ ಹಾಕಿಸ್ತೀರಾ?”

ಅದೇ ಹೊತ್ತಿಗೆ ಗುಮಾಸ್ತರು ಯಂತ್ರದ ಗುಂಡಿ ಒತ್ತಿ ಮಾವನ ಕೈಯ ಹತ್ತಿರ ತಂದರು. ಅದು ಎಣ್ಣೆಗೆ ಹಾಕಿದ ಸಾಸಿವೆಯಂತೆ ಚಟಪಟ ಎಂದಿತು.

“ಅಯ್ಯಯ್ಯೋ, ಹತ್ತಿಬಿಡ್ತು!” ಎಂದು ಮಾವ ಎರಡೂ ಕೈ ಮೇಲೆತ್ತಿ ಕೋಣೆಯ ಸುತ್ತ ಓಡಿದರು. ಗುಮಾಸ್ತರು ಯಂತ್ರ ಹಿಡಿದು ಅವರ ಹಿಂದೆ ಓಡಿದರು. ಹತ್ತಿರ ಬಂದಾಗಲೆಲ್ಲ ಅದು ಚಟಪಟ ಎನ್ನುತ್ತಿತ್ತು, ಹಾಗೆಂದಾಗಲೆಲ್ಲ ಮಾವನ ಓಟ ಜೋರಾಗುತ್ತಿತ್ತು. ಮೂರನೆಯ ಸುತ್ತಿನಲ್ಲಿ ಮಾವ ಹಿಂದೆ ತಿರುಗಿ ನೋಡಿದಾಗ ಕೋಟಿನ ಗುಂಡಿ ಕಿತ್ತು ಗುಮಾಸ್ತರ ಹಣೆಗೆ ಬಡಿಯಿತು.

“ಮಾವ, ನಿಲ್ಲಿ! ಅದು ನಿಮ್ಮ ವಾಚು!” ಕಲ್ಲಣ್ಣ ಕೂಗಿದ. “ಹಳೇ ವಾಚು. ಕತ್ತಲಲ್ಲಿ ಹೊಳೀಲಿ ಅಂತ ಮುಳ್ಳಿಗೆ ರೇಡಿಯಂ ಬಳೀತಿದ್ರು. ಯಂತ್ರ ಅದಕ್ಕೇ ಚಟಪಟ ಅಂತಿರೋದು, ಕಲ್ಲಿಂದ ಏನೂ ಹತ್ತಿಲ್ಲ.”

ಮಾವ ನಿಂತರು. ವಾಚು ಬಿಚ್ಚಿ ಮೇಜಿನ ಮೇಲಿಟ್ಟರು. “ವಾಚೂ ಬೇಡ, ಕಲ್ಲೂ ಬೇಡ. ಮಗಳೇ, ನಡಿ.”

ಹೆಂಡತಿ ಸೀಸದ ಡಬ್ಬಿಯನ್ನೇ ನೋಡುತ್ತ ನಿಂತಿದ್ದಳು. “ಇಂಥ ವಿಷಕ್ಕೆ ಮನುಷ್ಯರ ಹೆಸರಿಡ್ತಾರೇನ್ರೀ?” ಎಂದು ಮೆಲ್ಲಗೆ ಕೇಳಿದಳು. ಗೆದ್ದ ಸಂಭ್ರಮದಲ್ಲಿದ್ದ ಕಲ್ಲಣ್ಣ, “ಅದನ್ನೇ ನಾನೂ ಹೇಳೋದು” ಎಂದುಬಿಟ್ಟ.

ಮೂರು ಗಂಟೆಗೆ ನಿರ್ದೇಶಕರು ಕರೆದರು. ಹೆಸರಿನ ಜಾಗ ಖಾಲಿಯಿದ್ದ ಅರ್ಜಿ ಅವರ ಮುಂದಿತ್ತು.

“ಏನ್ರೀ ಇದು ಕಲ್ಲಣ್ಣ? ನಿನ್ನೆ ಸಂಜೆ ತನಕ ಎಲ್ಲರೂ ನಂದು ನಂದು ಅಂತ ಸಾಲಲ್ಲಿ ನಿಂತಿದ್ರು. ಇವತ್ತು ಕರೆದ್ರೆ ಒಬ್ಬರೂ ಬರಲ್ಲ. ಗುಮಾಸ್ತರು ಮೀಸೆ ಮುಚ್ಕೊಂಡು ಓಡ್ತಾರೆ. ನಾನು ಕಂಡುಹಿಡಿದವನು, ನನ್ನ ಹೆಸರು ಇಡೋ ಹಾಗಿಲ್ಲ. ಇನ್ನು ಯಾರಿದಾರೆ?”

ಕಲ್ಲಣ್ಣ ನೆಲ ನೋಡಿದ. ಗಡಿಯಾರದ ಮುಳ್ಳು ಒಂದು ಹೆಜ್ಜೆ ಇಟ್ಟಿತು. ಇನ್ನೊಂದು ಇಟ್ಟಿತು.

“ಅಲ್ಲಾ,” ನಿರ್ದೇಶಕರು ಕನ್ನಡಕ ತೆಗೆದರು, “ನಿಮ್ಮದೇ ಯಾಕಾಗಬಾರದು?”

“ನನ್ನ... ಸರ್?”

“ಸುರಂಗಕ್ಕೆ ಇಳಿದೋರು ನೀವು. ಆದ್ರೆ ನೀವು ಕಂಡುಹಿಡಿದವರ ಪಟ್ಟಿ ಬಿಟ್ಟುಕೊಡಬೇಕು. ಒಂದು ಕಾಗದ ಬರೆದುಕೊಡಿ. ಹೆಸರಿನ ಒಪ್ಪಿಗೆ ಪತ್ರ ನಾನು ಟೈಪ್ ಮಾಡಿಸ್ತೀನಿ, ನಾಲ್ಕೂವರೆಗೆ ಬಂದು ಸಹಿ ಹಾಕಿ. ಅಂದಹಾಗೆ ನಿಮ್ಮ ಹೆಸರು... ಇರಲಿ, ಹಾಜರಿ ಪುಸ್ತಕದಲ್ಲಿ ನೋಡ್ಕೋತೀನಿ.”

ಕಲ್ಲಣ್ಣ ಬಿಟ್ಟುಕೊಡುವ ಕಾಗದವನ್ನು ಎಷ್ಟು ಬೇಗ ಬರೆದನೆಂದರೆ ಪೆನ್ನು ಕಾಗದ ಹರಿದು ಮೇಜಿಗೂ ಸಹಿ ಹಾಕಿತು. ಗುಮಾಸ್ತರು ಅದನ್ನು ಎತ್ತಿಕೊಂಡು ಹೋದರು.

ಮುಂದಿನ ಒಂದೂವರೆ ಗಂಟೆ ಅವನು ನೆಲದಿಂದ ಒಂದು ಗೇಣು ಮೇಲೆ ನಡೆದ. ಯಾವುದೋ ದೇಶದ ಹುಡುಗರು ಪರೀಕ್ಷೆಯಲ್ಲಿ ಅವನ ಹೆಸರನ್ನು ತಪ್ಪಾಗಿ ಬರೆದು ಅಂಕ ಕಳೆದುಕೊಳ್ಳುವುದನ್ನು ನೆನೆದು, ಪಾಪ ಎಂದುಕೊಂಡು, ಮತ್ತೆ ಖುಷಿಪಟ್ಟ. ಚೀಟಿಯೊಂದನ್ನು ತೆಗೆದು ಚಂದದ ಅಕ್ಷರದಲ್ಲಿ ತನ್ನ ಹೆಸರು ಬರೆದು ‘ಐಟ್’ ಸೇರಿಸಿದ. ಯಾರೋ ದೊಡ್ಡ ಮನುಷ್ಯನ ಹೆಸರಿನಂತೆ ಕಂಡಿತು. ನಾಚಿಕೆಯಾಗಿ ಮಡಚಿ ಜೇಬಿಗೆ ಹಾಕಿಕೊಂಡ.

ನಾಲ್ಕೂವರೆಗೆ ಹೋದಾಗ ನಿರ್ದೇಶಕರು ಎದ್ದು ಬಂದು ಅವನ ಭುಜ ತಟ್ಟಿದರು.

“ಮೊದಲೇ ಹೇಳಬಾರದಿತ್ತೇನ್ರೀ? ಎಂಥ ಸಂಕೋಚ ನಿಮ್ಮದು!”

“ಏನು ಸರ್?”

“ಗುಮಾಸ್ತರು ಶುಭಾಶಯ ಹೇಳೋಕೆ ನಿಮ್ಮ ಮನೆಗೆ ಫೋನ್ ಮಾಡಿದಾರೆ. ಅವರಿಂದ ನನ್ನ ನಂಬರ್ ತಗೊಂಡು ನಿಮ್ಮ ಮನೆಯವರು ನನಗೇ ಫೋನ್ ಮಾಡಿದ್ರು. ಅಳ್ತಾ ಇದ್ರು ಪಾಪ. ‘ಆ ವಿಷದ ಕಲ್ಲಿಗೆ ನಮ್ಮೆಜಮಾನರ ಹೆಸರು ಬೇಡ ಸರ್, ಅವರಿಗೂ ಇಷ್ಟವಿಲ್ಲ, ಮಧ್ಯಾಹ್ನ ಅವರೇ ಹೇಳಿದ್ರು, ನಿಮ್ಮೆದುರು ಬಾಯಿಬಿಡೋರಲ್ಲ’ ಅಂತ. ನಾನೂ ಮನುಷ್ಯ ಅಲ್ವೇನ್ರೀ? ತಕ್ಷಣ ಹೊಡೆದುಹಾಕಿದೆ. ಸುರಂಗದ ಹೆಸರೇ ಇಟ್ಟು ಕಳಿಸಿಬಿಟ್ಟೆ.”

ಕಲ್ಲಣ್ಣ ಜೇಬಿನಲ್ಲಿದ್ದ ಚೀಟಿಯನ್ನು ಇನ್ನೂ ಒಳಕ್ಕೆ ತಳ್ಳಿದ. “ಹಾಗಾದ್ರೆ... ಕಂಡುಹಿಡಿದವರ ಪಟ್ಟಿ, ಸರ್?”

“ಅದಾ? ನೀವು ಬಿಟ್ಟುಕೊಟ್ಟ ಕಾಗದ ಆಗಲೇ ಸಮಿತಿಗೆ ಹೋಗಿತ್ತು. ಒಬ್ಬನದೇ ಹೆಸರು ಚೆನ್ನಾಗಿರಲ್ಲ ಅಂತ ಗುಮಾಸ್ತರದ್ದು ಸೇರಿಸಿದೆ. ಯಂತ್ರ ಹಿಡ್ಕೊಂಡು ಬಹಳ ಓಡಾಡಿದಾರಂತೆ.”

ಹೊರಗೆ ಗುಮಾಸ್ತರು ಎರಡೂ ಮೀಸೆ ತೀಡುತ್ತ ನಿಂತಿದ್ದರು. “ನೋಡಿ ಕಲ್ಲಣ್ಣ, ಕಂಡುಹಿಡಿದವನಿಗೆ ಗಡಸುತನದ ಲೆಕ್ಕ ಇಲ್ಲವಂತೆ!”

ಮನೆಯಲ್ಲಿ ಹೆಂಡತಿ ಬಾಗಿಲಲ್ಲೇ ಕಾಯುತ್ತಿದ್ದಳು. ಕಣ್ಣು ಕೆಂಪಗಿದ್ದವು, ಮುಖ ಗೆದ್ದುಬಂದವಳದ್ದು.

“ಉಳಿಸಿದೆ ನಿಮ್ಮನ್ನ. ಯಾರು ಏನು ಅಂದ್ರೂ ಸುಮ್ನೆ ತಲೆ ಆಡಿಸ್ತೀರ. ನಿಮ್ಮ ಹೆಸರನ್ನ ಅದರ ಮೇಲೆ ಬರೆಯೋಕೆ ನಾನು ಬಿಡ್ತೀನಾ? ಮುಟ್ಟಿದ್ರೆ ಕೈ ತೊಳೀಬೇಕಂತೆ! ನೀವು ಅಂಥೋರಾ?” ಎಂದು ಅವನ ಕೈಯನ್ನು ತನ್ನ ಎರಡೂ ಕೈಯಲ್ಲಿ ಹಿಡಿದುಕೊಂಡಳು. “ಸರಿ ಮಾಡಿದೆ ತಾನೇ?”

“ಸರಿ ಮಾಡಿದೆ” ಎಂದ ಕಲ್ಲಣ್ಣ.

ಆ ಕಲ್ಲಿಗೆ ತನ್ನ ಹೆಸರು ಬೇಕಾಗಿತ್ತು ಎಂದು ಅವನು ಅವಳಿಗೆ ಯಾವತ್ತೂ ಹೇಳಲಿಲ್ಲ.