ನಿಮ್ಮ ಅಜ್ಜನ ಬೂದು ಹಡಗು

ನಿಮ್ಮ ಅಜ್ಜ ಯುದ್ಧಕ್ಕೆ ಹೋಗಿ, ಒಂದು ಗುಂಡನ್ನೂ ಹಾರಿಸದೆ, ಬಟಾಟೆ ಹಂಚಿ ಗೆದ್ದು ಬಂದ ಮನುಷ್ಯ! ನಗಬೇಡಿ ಮಕ್ಕಳೇ, ಹೀಗೆಂದು ಹೇಳಿಕೊಂಡವರು ಸ್ವತಃ ಅವರೇ.

ಚಿಮ್ಮಡದ ಒಕ್ಕಲು ಮನೆಯ ಮಗ. ಗಿರಣಿಯಲ್ಲಿ ದುಡಿಯುತ್ತೇನೆಂದು ಮುಂಬೈಗೆ ಹೋದವರು, ಅದು ಹೇಗೋ ಸರಕಿನ ಹಡಗಿನಲ್ಲಿ ಖಲಾಸಿಯಾದರು. ಈಜು ಬರುತ್ತಿತ್ತೇ? ಎಲ್ಲಿಯದು! ಊರ ಬಾವಿಗೂ ಇಳಿದವರಲ್ಲ. ಮದುವೆಯ ಹೊಸದರಲ್ಲಿ ಹೆದರುತ್ತಲೇ ಕೇಳಿದ್ದೆ. “ಈಜಾಕ ಬಂದಿದ್ರ ಹಡಗ ಯಾಕ ಬೇಕಿತ್ತು?” ಎಂದುಬಿಟ್ಟರು.

ಬಾಂಗ್ಲಾ ಯುದ್ಧದ ವರ್ಷ ಅವರ ಹಡಗನ್ನು ನೌಕಾಪಡೆಯವರು ತೆಗೆದುಕೊಂಡರು. ಗೋಧಿ, ಸಿಮೆಂಟು ಹೊರುತ್ತಿದ್ದ ಬಡಪಾಯಿ ಹಡಗು! ಅದರ ಕೆಂಪು ಮೈಗೆ ಬೂದು ಬಣ್ಣ ಬಳಿದು, ಹೆಸರು ಅಳಿಸಿ, ಮೇಲೆ ಎರಡು ತೋಪು ಕೂರಿಸಿದರಂತೆ. ಹೊಟ್ಟೆಯ ತುಂಬ ನೀರು, ಎಣ್ಣೆ, ಬಟಾಟೆ, ರೇಷನ್ನು. ಕಾದಾಡುವ ಹಡಗುಗಳ ಹಿಂದೆ ಹೋಗಿ ಅವುಗಳ ಹೊಟ್ಟೆ ತುಂಬಿಸುವುದೇ ಇದರ ಕೆಲಸ. ಅದೂ ಹೇಗೆ? ಎರಡೂ ಹಡಗು ಜೊತೆಜೊತೆಗೆ ಓಡುತ್ತಿರಬೇಕು, ನಡುವೆ ಪೈಪು ಹಾಕಿ ಎಣ್ಣೆ ಕೊಡಬೇಕು!

“ನಿಂತು ಕೊಟ್ರ ಏನಾಕ್ಕೈತ್ರಿ?” ಎಂದು ಕೇಳಿದೆ.

“ನಿಂತ ಹಡಗ ಅಂದ್ರ ವೈರಿಗಿ ಕಟ್ಟಿಹಾಕಿದ ಎಮ್ಮಿ ಇದ್ದಂಗ.”

ಅಷ್ಟು ಹೇಳಿ ಥಟ್ಟನೆ ಮಾತು ಬಟಾಟೆಗೆ ತಿರುಗಿಸಿದರು.

ನನಗೆ ಬೇಕಿದ್ದದ್ದು ಬಟಾಟೆಯ ಕಥೆಯಲ್ಲ. ಹಡಗು ಹೊರಡುವ ಮುಂಚೆ ಕಪ್ತಾನರು, ಮನೆಗೆ ಹೋಗುವವರು ಈಗಲೇ ಇಳಿಯಬಹುದು ಎಂದಿದ್ದರಂತೆ. ನಾನು ಬಾಡಗಂಡಿಯ ತವರಿನಲ್ಲಿದ್ದೆ, ನಿಮ್ಮ ಅಪ್ಪ ಹೊಟ್ಟೆಯಲ್ಲಿದ್ದ. ಆದರೂ ಇವರು ಇಳಿಯಲಿಲ್ಲ! ಯಾಕೆ? ಈ ಒಂದು ಪ್ರಶ್ನೆ ವರ್ಷಗಟ್ಟಲೆ ನನ್ನ ಎದೆಯಲ್ಲಿ ಕುಟುಕುತ್ತಿತ್ತು.

ನಮ್ಮ ಅತ್ತೆಯಂತೂ ನೇರವಾಗಿಯೇ ಕೇಳಿದರು. “ಬಸುರಿ ಹೆಂಡತಿಗಿಂತ ಹಡಗ ಹೆಚ್ಚಾತೇನಲೇ?”

“ಅಡಗಿಯಂವ ಭಾಳ ಛಲೋ ಇದ್ದಬೇ ಯವ್ವಾ. ಬಿಟ್ಟು ಬರಾಕ ಮನಸಾಗಲಿಲ್ಲ.”

ಅತ್ತೆ ಕೈಗೆ ಸಿಕ್ಕ ಕಸಬರಿಗೆ ಎತ್ತಿದರು. ಯುದ್ಧದಲ್ಲಿ ಓಡದವರು ಆಗ ಓಡಿದರು!

ಸಮುದ್ರದ ಕೆಲಸ ಬಿಟ್ಟು ಬಂದರೂ ಆ ಬೂದು ಬಣ್ಣ ಇವರನ್ನು ಬಿಡಲಿಲ್ಲ. ಬಾಗಿಲು ಬೂದು, ಗಾಡಿ ಬೂದು. ಕಾರಹುಣ್ಣಿಮೆಗೆ ಊರಿನ ಎತ್ತುಗಳೆಲ್ಲ ಕೆಂಪು ಕೋಡು ಮೆರೆಸುತ್ತ ಬಂದರೆ, ನಮ್ಮ ಎತ್ತಿನ ಕೋಡೂ ಬೂದು!

ಪಕ್ಕದ ಮನೆಯ ಕಾಕಾ ಕಣ್ಣರಳಿಸಿದರು. “ಎತ್ತಿಗಿ ಮುಪ್ಪು ಬಂತೇನಲೇ?”

“ದೂರಿಂದ ವೈರಿಗಿ ಕಾಣಬಾರದ್ರಿ ಕಾಕಾ.”

“ಕಾಣದ ಎತ್ತಿಗಿ ಹಾರ ಎಲ್ಲಿ ಹಾಕೂದೋ ಮಾರಾಯಾ!”

ಮುಂದೆ ಚಿಕ್ಕಪಡಸಲಗಿಯಲ್ಲಿ ರೈತರೇ ಸೇರಿ ಕೃಷ್ಣೆಗೆ ಬ್ಯಾರೇಜು ಕಟ್ಟತೊಡಗಿದರು. ಊರೂರಿನಿಂದ ಮಂದಿ ಕಲ್ಲು ಹೊರಲು ಹೋದರು. ಇವರು ಏನು ಮಾಡಿದರು ಗೊತ್ತೇ? ಕಬ್ಬು ಹೊರುವ ಗಾಡಿಯಲ್ಲಿ ನೀರಿನ ಪೀಪಾಯಿ ಇಟ್ಟರು, ರೊಟ್ಟಿಯ ಬುಟ್ಟಿ ಇಟ್ಟರು, ಕೊನೆಗೆ ಚಟ್ನಿಯ ಡಬ್ಬಿಯ ಜೊತೆ ನನ್ನನ್ನೂ ಏರಿಸಿದರು! ನಾಚಿಕೆಯಿಂದ ನಾನು ಸೆರಗು ಮುಖದ ತನಕ ಎಳೆದುಕೊಂಡೆ.

ಕಲ್ಲು ಹೊತ್ತವನೊಬ್ಬ ಕೆಣಕಿದ. “ಏನ್ರೀ ಯಜಮಾನ್ರ, ನಾವು ಕಲ್ಲ ಹೊರೂದು, ನೀವು ಗಾಡ್ಯಾಗ ಕುಂದ್ರೂದು?”

“ನೀ ಕಾದಾಡೂ ಜಂಗೀ ಹಡಗಪಾ, ನಾ ನಿನ್ನ ಹಿಂದಿನ ಹಡಗ. ನಿಲ್ಲಬ್ಯಾಡ, ನಡಕೋತ ಬಾಯಿ ತಗಿ!”

ಅವನ ಜೊತೆ ಹೆಜ್ಜೆ ಹಾಕುತ್ತ ನೀರು ಸುರಿದರು. ಬಾಯಿಗಿಂತ ಅಂಗಿಗೇ ಹೆಚ್ಚು ಬಿತ್ತು. ಆದರೂ ಅವನು ನಗುತ್ತ ಇನ್ನಷ್ಟು ಕೇಳಿದ.

ಮಧ್ಯಾಹ್ನ ದಂಡೆಯಲ್ಲಿ ಉಣ್ಣಲು ಕೂತೆವು. ಎದುರಿಗೆ ಹರಿಯುವ ನೀರು. ಅದೆಲ್ಲಿಂದ ಧೈರ್ಯ ಬಂತೋ, ಕೇಳಿಯೇಬಿಟ್ಟೆ. “ಖರೆ ಹೇಳ್ರಿ, ಅವತ್ತ ಯಾಕ ಇಳೀಲಿಲ್ಲ?”

ಅಡುಗೆಯವನ ಮಾತು ಬರುತ್ತದೆಂದು ಕಾದೆ. ಬರಲಿಲ್ಲ.

“ಇಳಿಯಾಕಂತ ಅರಿಬಿ ಗಂಟು ಕಟ್ಟಿದ್ದೆ. ಯಾರರೆ ಮೊದಲ ಇಳೀಲಿ, ಅವರ ಹಿಂದ ಇಳದ್ರಾತು ಅಂತ ನಿಂತೆ. ನೋಡಿದ್ರ ಎಲ್ಲಾರೂ ಗಂಟು ಹಿಡಕೊಂಡು ಹಂಗ ನಿಂತಾರ! ಒಬ್ಬರ ಮಾರಿ ಒಬ್ಬರು ನೋಡಿದ್ವಿ. ಮೊದಲ ಇಳಿಯಾಕ ಎಲ್ಲಾರಿಗೂ ನಾಚಿಕಿ. ಅಷ್ಟರಾಗ ಏಣಿ ಎಳದಬಿಟ್ರು.”

ನನಗೆ ನಗು ಉಕ್ಕಿತು. ಅವರು ನಗಲಿಲ್ಲ.

“ಕೂಸು ಹುಟ್ಟಿದ ಸುದ್ದಿ ಮುಟ್ಟಿದ್ದು ಎಷ್ಟೋ ದಿನದ ಮ್ಯಾಲ. ಅಲ್ಲೀತನಕ ದಿನಾ ಮುಂಜಾನೆ ನೀರಿನ ಕಡೆ ಮಾರಿ ಮಾಡಿ ಒಂದ ಗಂಡಿನ ಹೆಸರು, ಒಂದ ಹೆಣ್ಣಿನ ಹೆಸರು ಕರೀತಿದ್ದೆ. ಯಾವದಕ್ಕರೆ ಓ ಅಂತೈತೇನೋ ಅಂತ.”

ಸುತ್ತ ಅಷ್ಟು ಮಂದಿ ಉಣ್ಣುತ್ತಿದ್ದರು. ಗಂಡನ ಪಕ್ಕದಲ್ಲಿ ಕೂರಲೂ ಹಿಂಜರಿಯುತ್ತಿದ್ದವಳು ನಾನು, ಅವರ ಕೈ ಹಿಡಿದುಕೊಂಡೆ. ಯಾರು ನೋಡಿದರೋ ಗೊತ್ತಿಲ್ಲ. ಅವರೇ ನಾಚಿ ಎಳೆದುಕೊಳ್ಳಲು ನೋಡಿದರು, ನಾನು ಬಿಡಲಿಲ್ಲ.