ಮಾಲೀಕರಿಲ್ಲದ ಸಿನಿಮಾ

ಕೆಳಮನೆಯ ಟೈಲರಮ್ಮನಿಗೆ ಬಾಯಿ ಮುಚ್ಚಿಕೊಂಡು ಕೂರಲಾಗಲಿಲ್ಲ. ಗೋಳು ಶುರುವಾದದ್ದೇ ಅಲ್ಲಿಂದ.

“ನಿಮ್ಮ ಸಿನಿಮಾದಲ್ಲಿ ಮನೆ ಮಾಲೀಕರೂ ಇದಾರೆ ಅಂತ ನಿನ್ನೆ ಅವರಿಗೇ ಹೇಳ್ಬಿಟ್ಟೆ ಸಾರ್. ಇವತ್ತು ಸಂಜೆ ಆರರ ಪ್ರದರ್ಶನಕ್ಕೆ ನೆಂಟರನ್ನೂ ಕರ್ಕೊಂಡು ಬರ್ತಾರಂತೆ!”

ಅದೇ ಮಾಲೀಕರ ಬಾಡಿಗೆ ಮನೆಯಲ್ಲಿದ್ದ ನಿರ್ದೇಶಕ ತಲೆಯ ಮೇಲೆ ಕೈಹೊತ್ತ. ನಾಲ್ಕು ವರ್ಷ ತಾನೇ ಬರೆದು, ತಾನೇ ಕ್ಯಾಮೆರಾ ಹೊತ್ತು ತೆಗೆದ ಚಿತ್ರ. ಬಾಡಿಗೆದಾರರ ನಲ್ಲಿ ನೀರು ನಿಲ್ಲಿಸುವ, ಬಾಗಿಲಿಗೆ ಕಿವಿಯಿಟ್ಟು ಕೆಮ್ಮುವ ಅದರ ಖಳನಾಯಕ ಯಾರೆಂದು ಬೀದಿಯ ನಾಯಿಗೂ ಗೊತ್ತಾಗುವಂತಿತ್ತು. ಪ್ರದರ್ಶನ ಮುಂದೂಡೋಣವೆಂದರೆ, ಚಿತ್ರೋತ್ಸವಕ್ಕೆ ಸಿನಿಮಾ ಆರಿಸುವ ಮೇಡಂ ಊರಿನಲ್ಲಿರುವುದು ಇವತ್ತೊಂದೇ ದಿನ.

“ಕತ್ತರಿಸಿ ಬಿಸಾಕ್ರೀ,” ಎಂದಳು ಹೆಂಡತಿ. “ಈ ಮನೆ ಹೋದ್ರೆ ಮಕ್ಕಳನ್ನ ಕಟ್ಕೊಂಡು ಎಲ್ಲಿಗೆ ಹೋಗೋದು?”

ಅವನು ಕಂಪ್ಯೂಟರಿನ ಮುಂದೆ ಕೂತ. ನಲ್ಲಿಯ ದೃಶ್ಯ ಹೋಯಿತು. ಮೇಲ್ಮನೆಯ ನರ್ಸ್ ಇಣುಕಿ, “ಮೆಟ್ಟಿಲ ಮೇಲಿನ ನೆರಳು ತೆಗೀರಿ, ಆ ಹೊಟ್ಟೆ ನೋಡಿದ್ರೇ ಗೊತ್ತಾಗುತ್ತೆ,” ಎಂದಳು. ನೆರಳೂ ಹೋಯಿತು. ಟೈಲರಮ್ಮ ಕೊರಳಿನ ಟೇಪು ಜಗ್ಗುತ್ತ ಓಡಿಬಂದಳು. “ಕೆಮ್ಮು ಸಾರ್, ಕೆಮ್ಮು!” ಕೆಮ್ಮೂ ಹೋಯಿತು. ನಾಲ್ಕಕ್ಕೆ ಕಂಪ್ಯೂಟರ್ ಬಿಸಿಯೇರಿ ನಿಂತೇಬಿಟ್ಟಿತು. ಜ್ವರ ಬಂದ ಮಗುವಿಗೆ ಬೀಸುವಂತೆ ಹೆಂಡತಿ ರಟ್ಟು ಹಿಡಿದು ಅದಕ್ಕೆ ಗಾಳಿ ಹಾಕಿದಳು.

ಐದೂ ಮುಕ್ಕಾಲಿಗೆ, ಎರಡು ಗಂಟೆಯ ಸಿನಿಮಾ ಒಗೆದು ಕುಗ್ಗಿದ ಸ್ವೆಟರಿನಂತೆ ಮೂವತ್ತೆಂಟು ನಿಮಿಷಕ್ಕಿಳಿದಿತ್ತು. ನಾಯಕಿ ಖಾಲಿ ಬಾಗಿಲಿನೊಂದಿಗೆ ಜಗಳವಾಡುತ್ತಿದ್ದಳು.

ಮಾಲೀಕರು ಹೊಸ ಕೋಟು ತೊಟ್ಟು, ಹನ್ನೊಂದು ಮಂದಿ ನೆಂಟರೊಂದಿಗೆ ಬಂದು ಪ್ರದರ್ಶನದ ಸಭಾಂಗಣದಲ್ಲಿ ಮುಂದಿನ ಸಾಲು ಹಿಡಿದರು. ಪರದೆಯ ಮೇಲೆ ಬಾಗಿಲು ತೆರೆದಾಗಲೆಲ್ಲ ಮುಂದಕ್ಕೆ ಬಾಗುತ್ತಿದ್ದರು.

ದೀಪ ಹೊತ್ತಿತು. “ಆಕೆ ಜಗಳ ಆಡಿದ್ದು ಯಾರ ಜೊತೆ ಅಂತಾನೇ ತಿಳೀಲಿಲ್ಲ,” ಎಂದು ಚಿತ್ರೋತ್ಸವದ ಮೇಡಂ ಹೊರಟೇಬಿಟ್ಟರು. ಹೋಗಲಿ, ತಲೆಯ ಮೇಲೆ ಸೂರಾದರೂ ಉಳಿಯಿತು ಎಂದುಕೊಂಡ ನಿರ್ದೇಶಕ.

ಮಾಲೀಕರು ಎದ್ದರು. “ನಾನೆಲ್ಲಿ?”

“ಎಲ್ಲೂ ಇಲ್ಲ ಸಾರ್! ಆಣೆಗೂ ಇಲ್ಲ!”

“ಖಳನಾಯಕನೇ ನಾನು ಅಂದಿದ್ಳು ಟೈಲರಮ್ಮ. ನಮ್ಮಕ್ಕ ಏಳು ಗಂಟೆ ಹೊತ್ತು ರೈಲಲ್ಲಿ ಕೂತು ಬಂದಿದಾಳೆ ಕಣಯ್ಯಾ. ವಯಸ್ಸಲ್ಲಿ ನಾನು ನಾಟಕದವರ ಬಾಗಿಲು ಎಷ್ಟು ಬಡಿದ್ರೂ ಒಂದು ಸೇವಕನ ಪಾರ್ಟೂ ಕೊಡ್ಲಿಲ್ಲ. ನೀನಾದ್ರೂ…”

ನಿರ್ದೇಶಕ ತೊದಲಿದ. “ಇದ್ರಿ ಸಾರ್. ತುಂಬಾ ಕೆಟ್ಟೋರಾಗಿದ್ರಿ. ಅದಕ್ಕೇ ತೆಗೆದೆ.”

“ಅಷ್ಟು ಕೆಟ್ಟೋನಾ?” ಮಾಲೀಕರ ಮುಖ ಊರಗಲವಾಯಿತು. ನೆಂಟರೆಲ್ಲ ಮತ್ತೆ ಕುರ್ಚಿಯಲ್ಲಿ ಕೂತರು. “ಮತ್ತೇನು ನೋಡ್ತೀಯ? ಹಾಕು, ಹಾಕು!”

“ನಿಮ್ಮ ಕಣ್ಣಿಗೆ ಬಿದ್ದೀತು ಅಂತ ಹೆದರಿ… ಮೂಲ ಪ್ರತೀನೂ ಪೂರ್ತಿ ಅಳಿಸಿಬಿಟ್ಟೆ ಸಾರ್.”

ಮಾಲೀಕರು ಕೋಟಿನ ಗುಂಡಿಗಳನ್ನು ಒಂದೊಂದಾಗಿ ಬಿಚ್ಚಿದರು.

“ತಿಂಗಳ ಕೊನೆಗೆ,” ಎಂದರು, “ಮನೆ ಖಾಲಿ ಮಾಡು.”