ಹಿಲ್ಡಮ್ಮನಿಗೆ ಶ್ರದ್ಧಾಂಜಲಿ

ಎಲ್ಲ ಅನಾಹುತಕ್ಕೂ ಕಾರಣ ಎರಡು ಇಸವಿ. ಜರ್ಮನಿಯ ಚಿತ್ರನಟಿ ಹಿಲ್ಡಾ ಬ್ರೆನ್ನರ್ ಹುಟ್ಟಿದ್ದು 1906, ತೀರಿಕೊಂಡದ್ದು 1991. ಆಕೆಯ ಬಗ್ಗೆ ಆರ್‌ಪಿಸಿ ಲೇಔಟಿನ ಚಿತ್ರಸಂಘದಲ್ಲಿ ಭಾಷಣ ಮಾಡಲಿದ್ದ ಗುಮಾಸ್ತ ರವಿಕುಮಾರ್, ಅದರ ಪ್ರಚಾರಕ್ಕೆಂದು ಫ್ಲೆಕ್ಸ್ ಅಂಗಡಿಗೆ ಆಕೆಯ ಮುಪ್ಪಿನ ಫೋಟೊ, ಆ ಎರಡು ಇಸವಿ, ತನ್ನ ಹೆಸರು, ವಿಳಾಸ ಇಷ್ಟೇ ಕಳಿಸಿದ್ದ. ಅಂಗಡಿಯ ಸುಘೋಷ್ ಹೆಚ್ಚು ಯೋಚಿಸಲಿಲ್ಲ. ಎರಡೂ ಕಡೆ ದೀಪ ಕೂರಿಸಿ, ‘ಭಾವಪೂರ್ಣ ಶ್ರದ್ಧಾಂಜಲಿ. ದುಃಖತಪ್ತರು: ರವಿಕುಮಾರ್ ಮತ್ತು ಕುಟುಂಬ’ ಎಂದು ಅಚ್ಚುಹಾಕಿ, ಭಾನುವಾರ ಮಧ್ಯಾಹ್ನ ಅವನ ಮನೆ ಮುಂದಿನ ಕಂಬಕ್ಕೇ ಕಟ್ಟಿಸಿಬಿಟ್ಟ.

ಭಾಷಣ ಸಂಜೆ ಆರಕ್ಕೆ. ಹಿಂದಿನ ಭಾಷಣಕ್ಕೆ ಬಂದವರು ಇಬ್ಬರು, ಅದರಲ್ಲೊಬ್ಬರು ಫ್ಯಾನಿನ ಗಾಳಿಗೆ ಬಂದವರು. “ಈ ಸಲ ಇಪ್ಪತ್ತು ಜನ ಬರ್ದಿದ್ರೆ ಸಂಘಕ್ಕೆ ಬೀಗ ಕಣ್ರೀ” ಎಂದಿದ್ದರು ಕಾರ್ಯದರ್ಶಿ ಮೋಹನ್ ಕುಮಾರ್. ರವಿಕುಮಾರ್ ಹನ್ನೆರಡು ವರ್ಷ ಸಾಕಿದ ಸಂಘ ಅದು.

ಐದಕ್ಕೆ ಹೊರಡಲು ಬಾಗಿಲು ತೆಗೆದರೆ, ಎದುರುಮನೆ ಅಕ್ಕಯ್ಯಮ್ಮ ಕಾಫಿ ಫ್ಲಾಸ್ಕ್ ಹಿಡಿದು ಕಣ್ಣೊರೆಸಿಕೊಳ್ಳುತ್ತಾ ನಿಂತಿದ್ದರು.

“ಅಜ್ಜಿ ಹೋದ್ರಂತಲ್ಲಪ್ಪ! ಒಂದು ಮಾತು ಹೇಳ್ಬಾರ್ದಾ?”

ರವಿಕುಮಾರನಿಗೆ ಕಂಬದ ಫ್ಲೆಕ್ಸ್ ಕಂಡದ್ದು ಆಗಲೇ. “ಅಯ್ಯೋ, ಅವ್ರು ನಮ್ಮೋರಲ್ಲ ಆಂಟಿ. ಸಿನಿಮಾದವ್ರು, ಜರ್ಮನಿಲಿದ್ರು.”

“ಸಿನಿಮಾದವ್ರು ಅಂತ ದೂರ ಮಾಡ್ಬಾರ್ದು ಕಣಪ್ಪ.”

“ಹೋಗಿ ಮೂವತ್ತು ವರ್ಷದ ಮೇಲಾಯ್ತು!”

“ನಿಮಗೆ ಈಗ ತಿಳೀತಾ? ಪಾಪ! ತಿಳಿದ ದಿನದಿಂದ್ಲೇ ಸೂತಕ.”

ಅಷ್ಟರಲ್ಲಿ ಬೀದಿಗೆಲ್ಲ ಹಿರಿಯರಾದ ಮರಿಯಪ್ಪ ಉಪ್ಪಿಟ್ಟಿನ ಪಾತ್ರೆ ಸಮೇತ ಬಂದರು. ಹಿಂದೆ ಇಡೀ ಬೀದಿ. ಒಲೆ ಹಚ್ಚುವ ಕೆಲಸ ತಪ್ಪಿದ್ದರಿಂದ ಹೆಂಡತಿ ಮಾಲಾ ನಿಜ ಹೇಳುವ ಗೋಜಿಗೆ ಹೋಗದೆ ತಟ್ಟೆ ಜೋಡಿಸಿದಳು. ಸಂಘದ ಸಭಾಂಗಣ ಇರುವುದು ದೇವಸ್ಥಾನದ ಆವರಣದಲ್ಲಿ. “ಸೂತಕದಲ್ಲಿ ಅಲ್ಲಿಗೆ ಹೋಗ್ತೀಯಾ?” ಎಂದು ಮರಿಯಪ್ಪ ಅವನನ್ನು ಕುರ್ಚಿಗೆ ಒತ್ತಿ ಕೂರಿಸಿದರು. “ಹೇಳು, ಆ ತಾಯಿ ಹೆಂಗೆ ಬಾಳಿದ್ರು?”

ಆ ಪ್ರಶ್ನೆಯನ್ನು ಹನ್ನೆರಡು ವರ್ಷದಲ್ಲಿ ಯಾರೂ ಅವನಿಗೆ ಕೇಳಿರಲಿಲ್ಲ. ಗಡಿಯಾರ ಮರೆತು ಶುರುಮಾಡಿದ.

ಮೂಕಿಚಿತ್ರಗಳಲ್ಲಿ ಮೆರೆದವಳು. ಮಾತಿನ ಚಿತ್ರ ಬಂದಾಗ ಅವಳ ಹಳ್ಳಿ ಮಾತು ಕೇಳಿ ನಕ್ಕರು; ಹಟ ಹಿಡಿದು ಕಲಿತಳು. ಸರ್ವಾಧಿಕಾರಿ ಬಂದ, ನನ್ನನ್ನು ಹೊಗಳುವ ಚಿತ್ರದಲ್ಲಿ ನಟಿಸು ಎಂದ. ಒಲ್ಲೆ ಎಂದಳು. ಯುದ್ಧ ಮುಗಿಯುವವರೆಗೆ ಬಟ್ಟೆ ಇಸ್ತ್ರಿ ಮಾಡಿ ಬದುಕಿದಳು. ಆಮೇಲೆ ಊರ ನಡುವೆ ಗೋಡೆ ಎದ್ದಿತು. ಮನೆ ಈಚೆ, ಸ್ಟುಡಿಯೊ ಆಚೆ. ಎಪ್ಪತ್ತನೇ ವಯಸ್ಸಿನಲ್ಲಿ ಅಜ್ಜಿಯ ಪಾತ್ರ ಮಾಡಿ ಮತ್ತೆ ದೇಶವನ್ನೇ ಗೆದ್ದಳು.

“ಎಂಥಾ ಹೆಂಗಸು!” ಅಕ್ಕಯ್ಯಮ್ಮ ಸೆರಗಿನಲ್ಲಿ ಮೂಗೊರೆಸಿಕೊಂಡರು. ಮರಿಯಪ್ಪ ಕನ್ನಡಕ ತೆಗೆದರು. ನಲವತ್ತು ಜನ ಉಪ್ಪಿಟ್ಟು ಮರೆತು ಕೂತಿದ್ದರು.

ಆಗಲೇ ಫೋನು. “ಏಳು ಗಂಟೆ ತನಕ ಕಾದೆ ಕಣ್ರೀ” ಎಂದರು ಮೋಹನ್ ಕುಮಾರ್. “ಒಂದು ನರಪಿಳ್ಳೆ ಬರ್ಲಿಲ್ಲ. ನೀವೂ ಬರ್ಲಿಲ್ಲ. ಬೀಗ ಹಾಕ್ಬಿಟ್ಟೆ.”

ರವಿಕುಮಾರ್ ಸುತ್ತ ನೋಡಿದ. ಸಂಘ ಹೋದರೆ ಹೋಯಿತು, ಜನ ಇಲ್ಲೇ ಇದ್ದಾರಲ್ಲ! ಆಸೆಯಿಂದ ಕೈಮುಗಿದ. “ಮುಂದಿನ ತಿಂಗಳು ಇಲ್ಲೇ ಇನ್ನೊಬ್ಬ ನಟಿ ಕತೆ ಹೇಳ್ತೀನಿ. ಎಲ್ರೂ ಬನ್ನಿ.”

ಮರಿಯಪ್ಪ ಅವನ ಬೆನ್ನು ಸವರಿದರು.

“ಇಂಥದ್ದಕ್ಕೆಲ್ಲ ಕರೀಬಾರ್ದು ಕಣಪ್ಪ. ಯಾರಾದ್ರೂ ಹೋದ್ರೆ ಫ್ಲೆಕ್ಸ್ ಕಟ್ಸು, ನಾವೇ ಬರ್ತೀವಿ.”

ಸಾವಿನ ಮನೆಯಲ್ಲಿ ‘ಹೋಗಿ ಬರ್ತೀವಿ’ ಅನ್ನಬಾರದಲ್ಲ. ನಲವತ್ತೂ ಜನ ಏನೂ ಹೇಳದೆ ಎದ್ದು ಹೋದರು.